ಹಾಡುವಳ್ಳಿಯ ವೈಯಾಕರಣ

ಫ್ರೆಂಚ್ ಕಾಗುಣಿತದ ಚರಿತ್ರೆಯ ಶೋಧನೆಗೆ ಜೀವಮಾನವನ್ನೇ ಮುಡಿಪಿಟ್ಟ ನೀನಾ ಕತಾಶ್ (1923–1997) ಎಂಬ ವಿದುಷಿಯ ಶಬ್ದನಿಷ್ಠೆಯಂಥದನ್ನು ನಮ್ಮ ಜಿಲ್ಲೆಯಲ್ಲಿ ಅರಸಹೊರಟವರು, ಕಾರವಾರದ ಹಬ್ಬುವಾಡದಿಂದ ಅಂಕೋಲೆಯನ್ನು ದಾಟಿ ದಕ್ಷಿಣಕ್ಕೆ ಸಾಗಿ, ಭಟ್ಕಳ ತಾಲೂಕಿನ ಹಾಡುವಳ್ಳಿಯನ್ನು ಸೇರಬೇಕು. ಏಕೆಂದರೆ ಸಂಗೀತಪುರವೆಂದು ಪ್ರಸಿದ್ಧವಾಗಿದ್ದ ಆ ಜೈನಕ್ಷೇತ್ರದ ಅಕಲಂಕದೇವನ ಶಿಷ್ಯನಾದ ಭಟ್ಟಾಕಳಂಕನು, ಕನ್ನಡದ ಲಕ್ಷಣವನ್ನು 592 ಸಂಸ್ಕೃತ ಸೂತ್ರಗಳಲ್ಲಿ ಬಂಧಿಸಿ, ವೃತ್ತಿಯನ್ನೂ ವ್ಯಾಖ್ಯಾನವನ್ನೂ ತಾನೇ ರಚಿಸಿ, 1604ರಲ್ಲಿ ‘ಕರ್ಣಾಟಕ ಶಬ್ದಾನುಶಾಸನ’ವನ್ನು ಪೂರೈಸಿದನು. ದೇಶಭಾಷೆಯು ಶಾಸ್ತ್ರಕ್ಕೆ ಅರ್ಹವಲ್ಲವೆಂಬ ತಾತ್ಸಾರಕ್ಕೆ ಪಂಡಿತರ ಭಾಷೆಯಲ್ಲಿಯೇ ಉತ್ತರವಿತ್ತ ಆ ಧೈರ್ಯವು ನನಗೆ ಸೂತ್ರಗಳಿಗಿಂತಲೂ ಹಿರಿದಾಗಿ ತೋರುತ್ತದೆ. ಮನೆಯಲ್ಲಿ ಕೊಂಕಣಿಯಾಡುವ ಮಕ್ಕಳಿಗೆ ಅಕ್ಷರಶುದ್ಧಿಯನ್ನು ಕಲಿಸುವ ನಮ್ಮ ಉಪಾಧ್ಯಾಯರು ಮೊದಲು ಈತನ ಕಥೆಯನ್ನು ಹೇಳಲಿ. ಆ ಮಕ್ಕಳನ್ನು ವರ್ಷಕ್ಕೊಮ್ಮೆ ಹಾಡುವಳ್ಳಿಗೆ ಕರೆದೊಯ್ಯುವ ವೆಚ್ಚವನ್ನು ಜಿಲ್ಲಾ ಪಂಚಾಯತವು ವಹಿಸಲಿ.