ಬತ್ತಿದ ಕೆರೆಯಲ್ಲಿ ಮಲಗಿದ ತಾವರೆ

ಮಕ್ಕಳ ಕಥೆಗಳಲ್ಲಿ ಮಾಯಾಲೋಕದ ಗಿಡಗಳು ಬರುವುದುಂಟು. ಏಳು ಕಡಲಿನಾಚೆ ಒಂದು ಸರೋವರ, ಅದರಲ್ಲೊಂದು ಹೂವು, ಅದಕ್ಕೆ ನೀರು ಅಂಟದು, ಚಳಿ ತಟ್ಟದು, ಸಾವಿರ ವರ್ಷ ಕಳೆದರೂ ಸಾವು ಬಾರದು. ಈ ಮೂರು ಗುಣಗಳೂ ಉಳ್ಳ ಗಿಡ ನಮ್ಮ ನಾಡಿನ ಕೆರೆಗಳಲ್ಲಿಯೇ ಉಂಟೆಂಬುದನ್ನು ಹಿರಿಯರು ಮನೆಯ ಮಕ್ಕಳಿಗೆ ತಿಳಿಸಬೇಕೆಂದು ನಮಗೆ ತೋರುತ್ತದೆ. ಅದು ತಾವರೆ. ಸೂರ್ಯೋದಯಕ್ಕಾಗಿ ಕಾಯುವ ಅದರ ಹೋಲಿಕೆ ಬಸವಣ್ಣನವರ ವಚನದಲ್ಲಿಯೂ ಬಂದಿದೆ.

ಕೊಳದಲ್ಲಿ ಅರಳಿದ್ದನ್ನೆಲ್ಲ ತಾವರೆಯೆನ್ನುವ ರೂಢಿ ನಮ್ಮಲ್ಲಿದೆ. ಎಲೆ ನೀರಿನ ಮೇಲೆ ಒರಗಿದ್ದು ಒಂದು ಕಡೆ ಸೀಳಿದ್ದರೆ ಅದು ನೈದಿಲೆ. ತಾವರೆಯ ಎಲೆಗೆ ಸೀಳಿಲ್ಲ. ಬಲಿತ ಮೇಲೆ ಅದು ನೀರಿನಿಂದ ಮೇಲೆದ್ದು ಕೊಡೆಯಂತೆ ನಿಲ್ಲುತ್ತದೆ.

ಆ ಎಲೆಗೆ ನೀರಂಟದೆಂಬುದು ನಮ್ಮ ಪೂರ್ವಿಕರಿಗೆ ಹೊಸ ಸಂಗತಿಯಲ್ಲ. ಅದರ ಕಾರಣವನ್ನು 1997ರಲ್ಲಿ ವಿಶದವಾಗಿ ತೋರಿಸಿದವರು ಜರ್ಮನಿಯ ಬಾರ್ತ್‌ಲಾಟ್ ಮತ್ತು ನೈನ್‌ಹಯಿಸ್ ಎಂಬ ವಿಜ್ಞಾನಿಗಳು. ಎಲೆಯ ಮೇಲೆ ಕಣ್ಣಿಗೆ ಕಾಣದ ಗುಬುಟುಗಳಿವೆ, ಅವುಗಳ ಮೇಲೆ ಮೇಣವಿದೆ. ಹನಿಯು ತುದಿಗಳನ್ನಷ್ಟೇ ಮುಟ್ಟಿ ಉರುಳುತ್ತದೆ, ಉರುಳುವಾಗ ಧೂಳನ್ನೂ ಹೊತ್ತೊಯ್ಯುತ್ತದೆ. ಇನ್ನು ಚಳಿಯ ಮಾತು. ಹೊರಗಿನ ಗಾಳಿ 10 ಡಿಗ್ರಿಗೆ ಇಳಿದರೂ ಅರಳುವ ತಾವರೆ ತನ್ನೊಳಗನ್ನು 30ರಿಂದ 35 ಡಿಗ್ರಿಯಷ್ಟು ಬೆಚ್ಚಗಿಟ್ಟುಕೊಳ್ಳುತ್ತದೆಂದು 1996ರಲ್ಲಿ ಆಸ್ಟ್ರೇಲಿಯಾದಲ್ಲಿ ಅಳೆದು ನೋಡಿದ್ದಾರೆ. ಪರಾಗ ಸಾಗಿಸುವ ಕೀಟಗಳಿಗೆ ಇದು ಆತಿಥ್ಯವೆಂದು ಅವರ ಊಹೆ.

ಎಲ್ಲಕ್ಕಿಂತ ದೊಡ್ಡ ಬೆರಗು ಬೀಜದ್ದು. ಚೀನಾದ ಈಶಾನ್ಯ ಭಾಗದಲ್ಲಿ ಎಂದೋ ಬತ್ತಿಹೋದ ಸರೋವರದ ಮಣ್ಣಿನಿಂದ ತೆಗೆದ ತಾವರೆ ಬೀಜವೊಂದನ್ನು ಜೇನ್ ಶೆನ್ ಮಿಲ್ಲರ್ ಎಂಬ ವಿಜ್ಞಾನಿ ಮತ್ತು ಸಂಗಡಿಗರು ಮೊಳೆಯಿಸಿದರು. ಅದರ ವಯಸ್ಸು ಸುಮಾರು 1,300 ವರ್ಷವೆಂದು 1995ರಲ್ಲಿ ಪ್ರಕಟಿಸಿದರು. ಅಂದರೆ ಬಸವಣ್ಣನವರ ಕಾಲಕ್ಕೂ ನಾಲ್ಕು ಶತಮಾನ ಹಿಂದೆ ಉದುರಿದ ಬೀಜ! ಅದರ ಗಟ್ಟಿ ಸಿಪ್ಪೆ ನೀರನ್ನು ಒಳಗೆ ಬಿಡದು. ಒಳಗಿನ ಜೀವ ನಿದ್ರಿಸುತ್ತಿರುತ್ತದೆ.

ಚಾಮರಾಜನಗರ, ಗುಂಡ್ಲುಪೇಟೆಗಳ ಜನರಿಗೆ ಇದು ದೂರದ ಮಾತಲ್ಲ. ಮಳೆನೆರಳಿನ ಸೀಮೆ ನಮ್ಮದು. ವರ್ಷಗಟ್ಟಲೆ ತಳ ಬಿರಿದ ಕೆರೆಗಳನ್ನು ಕಂಡವರು ನಾವು. ಆಲಂಬೂರು ಯೋಜನೆಯಿಂದ ಕಬಿನಿಯ ನೀರು ಈ ಭಾಗದ ಹಲವು ಕೆರೆಗಳಿಗೆ ಬಂದಿದೆ. ಬಹುಕಾಲ ಬತ್ತಿದ್ದ ಕೆರೆಯ ಕೆಸರಿನಲ್ಲಿ ಯಾವ ಬೀಜ ಕಾದಿದೆಯೋ ಯಾರು ಬಲ್ಲರು? ಆದರೆ ಕೆರೆಯ ಹೂಳನ್ನು ಮೂಲೆಮೂಲೆಯಿಂದ ಯಂತ್ರಗಳಲ್ಲಿ ಬಾಚಿ ಲಾರಿಗೆ ತುಂಬಿದರೆ ಗೆಡ್ಡೆಯೂ ಬೀಜವೂ ಅದರೊಡನೆ ಹೋಗುತ್ತವೆ. ಹೂಳೆತ್ತುವುದು ಬೇಡವೆಂದು ನಾವು ಹೇಳುತ್ತಿಲ್ಲ. ಕೆರೆಗೆ ಅದು ಬೇಕು. ಹಿಂದೆ ತಾವರೆಯಿದ್ದ ಮೂಲೆ ಯಾವುದೆಂದು ಊರಿನ ಹಿರಿಯರನ್ನು ಕೇಳಿ, ಅಷ್ಟು ಜಾಗವನ್ನು ಬಿಟ್ಟು ತೆಗೆಯಲಿ ಎಂಬುದಷ್ಟೇ ನಮ್ಮ ಬೇಡಿಕೆ.

ಇನ್ನೊಂದು ಶತ್ರು ನೇರಳೆ ಹೂವಿನ ಜಲಕಳೆ. ಹಲವೆಡೆ ಇದನ್ನೂ ಅಂತರಗಂಗೆಯೆಂದೇ ಕರೆಯುತ್ತಾರೆ. ಅಷ್ಟು ಚೆಂದದ ಹೆಸರು ಇದಕ್ಕೆ ಸಲ್ಲದು. ದಕ್ಷಿಣ ಅಮೆರಿಕದಿಂದ ಬಂದ ಈ ಗಿಡ ಅನುಕೂಲ ಸಿಕ್ಕರೆ ಎರಡು ವಾರದೊಳಗೇ ಇಮ್ಮಡಿಸುತ್ತದೆ. ಇದರ ಹಾವಳಿ ತಡೆಯಲು ಬಂಗಾಳದಲ್ಲಿ 1936ರಲ್ಲಿ ಕಾನೂನನ್ನೇ ಮಾಡಬೇಕಾಯಿತು. ಊರಿನ ಕೊಳಚೆ ಸೇರಿದ ಕೆರೆ ಇದಕ್ಕೆ ಹಬ್ಬ. ಇದು ಮುಚ್ಚಿದ ನೀರಿನ ತಳಕ್ಕೆ ಬಿಸಿಲಿಳಿಯದು. ಅಲ್ಲಿ ತಾವರೆಯ ಚಿಗುರು ಏಳುವುದಾದರೂ ಹೇಗೆ?

ಮಕ್ಕಳಿರುವ ಮನೆಯಲ್ಲಿ ಒಂದು ಪ್ರಯೋಗ ಮಾಡಬಹುದು. ಗ್ರಂಥಿಗೆ ಅಂಗಡಿಯಲ್ಲಿ ತಾವರೆ ಬೀಜ ಕೇಳಿರಿ. ಜಪಮಾಲೆಗೆಂದು ತೂತು ಕೊರೆದದ್ದು ಬೇಡ. ಬೀಜದ ಒಂದು ತುದಿಯನ್ನು ಒರಟು ಕಲ್ಲಿನ ಮೇಲೆ, ಕರಿಯ ಸಿಪ್ಪೆ ಸವೆದು ಒಳಗಿನ ಬಿಳುಪು ಇಣುಕುವವರೆಗೆ ಮಾತ್ರ ಉಜ್ಜಿ, ಗಾಜಿನ ಲೋಟದ ನೀರಿನಲ್ಲಿ ಬಿಸಿಲು ಬೀಳುವ ಕಿಟಕಿಯಲ್ಲಿಡಿರಿ. ದಿನವೂ ನೀರು ಬದಲಿಸಿರಿ. ಬೀಜ ಊದಿಕೊಂಡು, ಜೀವವುಳ್ಳದ್ದಾದರೆ ಕೆಲವೇ ದಿನಗಳಲ್ಲಿ ಹಸಿರು ಮೊಳಕೆ ಹೊರಬರುತ್ತದೆ. ಮೊದಲ ಎಲೆಗಳು ನೀರಿನ ಮೇಲೆ ತೇಲುತ್ತವೆ. ತಲೆಯೆತ್ತಿ ನಿಲ್ಲುವವು ಆಮೇಲೆ ಬರುವ ಎಲೆಗಳು.