ಬಡವರು ಸುಖವಾಗಿದ್ದಾರೆ ಅನ್ನುವ ಮಾತು



ರೋಕೋ ಬೆಲಿಚ್ ಅವರ ‘ಹ್ಯಾಪಿ’ (2011) ಸಾಕ್ಷ್ಯಚಿತ್ರವನ್ನು ಮೊನ್ನೆ ನಾವೆಲ್ಲ ಸೇರಿ ನೋಡಿದೆವು. ಸುಖ ಎಂದರೇನು ಎಂದು ಕೇಳುತ್ತ ದೇಶ ದೇಶ ಸುತ್ತಿದ ಸ್ವತಂತ್ರ ನಿರ್ದೇಶಕ ಅವರು. ಚಿತ್ರ ಶುರುವಾಗುವುದು ಕೋಲ್ಕತ್ತದ ಒಬ್ಬ ರಿಕ್ಷಾ ಎಳೆಯುವವನಿಂದ. ಜೋಪಡಿಯಲ್ಲಿ ವಾಸ, ಆದರೂ ಮಗನ ಮುಖ ಕಂಡರೆ ಅವನಿಗೆ ಸಂತೋಷ.

ಚಿತ್ರ ಮುಗಿದ ಮೇಲೆ ಎಲ್ಲರ ಬಾಯಲ್ಲೂ ಒಂದೇ ಮಾತು: “ನೋಡಿ, ಬಡವರೇ ನಮಗಿಂತ ಸುಖವಾಗಿದ್ದಾರೆ.” ನಾವೂ ತಲೆಯಾಡಿಸಿದೆವು. ಅದಕ್ಕೇ ಈ ಬರಹ. ಆ ಮಾತು ಸುಳ್ಳು, ಅದೂ ನಮಗೆ ಬಹಳ ಅನುಕೂಲವಾದ ಸುಳ್ಳು. ಅವರು ಸುಖವಾಗಿದ್ದರೆ ನಾವೇನೂ ಮಾಡಬೇಕಿಲ್ಲವಲ್ಲ!

ಮಳೆಗಾಲದಲ್ಲಿ ಕಷ್ಟ ಅಂತಲೂ ಆ ರಿಕ್ಷಾದವನು ಹೇಳುತ್ತಾನೆ. ಅದು ನಮ್ಮ ಕಿವಿಗೆ ಬೀಳಲಿಲ್ಲ. ಮೂಲ ಅಗತ್ಯಗಳು ತೀರುವವರೆಗೆ ಹಣದಿಂದ ಸುಖ ಹೆಚ್ಚುತ್ತದೆ ಎಂದೂ ಚಿತ್ರದಲ್ಲಿದೆ. ಅದೂ ಬೀಳಲಿಲ್ಲ.

ನಮ್ಮ ಸೀಮೆಯಲ್ಲಿ ಕಷ್ಟ ಬರುವುದು ಮಳೆ ಕೈಕೊಟ್ಟಾಗ. ಮಡಕಶಿರಾ ಕಡೆ ಬಿತ್ತಿದ ಕಡಲೆಕಾಯಿ ಒಣಗಿದರೆ, ಮಕ್ಕಳನ್ನು ಅಜ್ಜಿಯ ಹತ್ತಿರ ಬಿಟ್ಟು ಬೆಂಗಳೂರಿಗೆ ಗುಳೆ ಹೋಗುತ್ತಾರೆ. (2022ರಲ್ಲಿ ಮಡಕಶಿರಾ ಶ್ರೀ ಸತ್ಯಸಾಯಿ ಜಿಲ್ಲೆಗೆ ಸೇರಿತು, ಬರ ಮಾತ್ರ ಇಬ್ಬರಿಗೂ ಉಳಿಯಿತು.) ರಾಯದುರ್ಗದಲ್ಲಿ ಜೀನ್ಸ್ ಹೊಲಿಯುವ ಅಕ್ಕಂದಿರಿಗೆ ಪೀಸಿನ ಲೆಕ್ಕದಲ್ಲಿ ಕೂಲಿ. ಕರೆಂಟು ಹೋದರೆ ಮಿಷನ್ನೂ ನಿಂತಿತು, ಕೂಲಿಯೂ ನಿಂತಿತು. ಫೋನು ಹಿಡಿದು “ಸುಖವಾಗಿದ್ದೀರಾ ಅಕ್ಕಾ?” ಎಂದು ಕೇಳಿ ನೋಡಿ, ನಗುತ್ತಾರೆ. ಬಂದವರ ಮುಂದೆ ಅಳುವ ರೂಢಿ ನಮ್ಮವರಿಗಿಲ್ಲ. ಆ ನಗುವನ್ನು ಸ್ಟೇಟಸ್‌ಗೆ ಹಾಕಿ, ಕೆಳಗೆ ‘ನಿಜವಾದ ಸಂತೋಷ’ ಎಂದು ಬರೆದುಕೊಳ್ಳುವವರು ನಾವೇ.

ಉದ್ಯೋಗ ಖಾತರಿ ಯೋಜನೆಯನ್ನು 2006ರ ಫೆಬ್ರವರಿ 2ರಂದು ದೇಶದಲ್ಲಿ ಮೊದಲು ಆರಂಭಿಸಿದ್ದು ನಮ್ಮ ಅನಂತಪುರ ಜಿಲ್ಲೆಯ ಬಂಡ್ಲಪಲ್ಲಿಯಲ್ಲಿ. ಇಲ್ಲಿನ ಜನ ನಗುತ್ತಿದ್ದಾರೆ, ಕೂಲಿ ಯಾಕೆ ಎಂದು ಆಗ ಯಾರೂ ಕೇಳಲಿಲ್ಲ. 1969ರಲ್ಲಿ ಅನಂತಪುರಕ್ಕೆ ಬಂದ ವಿನ್ಸೆಂಟ್ ಫೆರರ್ ಅವರೂ ಬಡವರ ತೃಪ್ತಿಯನ್ನು ಹೊಗಳುತ್ತ ಕೂರಲಿಲ್ಲ, ಬಾವಿ ತೋಡಿಸಿದರು.

‘ಹ್ಯಾಪಿ’ಯಲ್ಲಿ ಇನ್ನೊಬ್ಬರಿದ್ದಾರೆ. ಮೊದಲು ಬ್ಯಾಂಕಿನಲ್ಲಿದ್ದ ಆಂಡಿ ವಿಮ್ಮರ್, ಆ ಕೆಲಸ ಬಿಟ್ಟು ಕೋಲ್ಕತ್ತದಲ್ಲಿ ಮದರ್ ತೆರೇಸಾ ಅವರ ನಿರ್ಮಲ ಹೃದಯದಲ್ಲಿ ರೋಗಿಗಳ ಸೇವೆ ಮಾಡುತ್ತಾರೆ. ಸುಖದ ಬಗ್ಗೆ ಆ ಚಿತ್ರ ಹೇಳುವುದರಲ್ಲಿ ಅವರ ಪಾಲೂ ದೊಡ್ಡದು. ನಮ್ಮ ಚರ್ಚೆಯಲ್ಲಿ ಒಬ್ಬರೂ ಅವರ ಹೆಸರೆತ್ತಲಿಲ್ಲ. ರಿಕ್ಷಾದವನನ್ನು ನೋಡಿದರೆ ಕಣ್ಣು ಒದ್ದೆಯಾಗುತ್ತದೆ ಅಷ್ಟೇ, ಆಂಡಿಯನ್ನು ನೋಡಿದರೆ ಎದ್ದು ಹೋಗಬೇಕಾಗುತ್ತದೆ.

ಯುವಜನರ ದಿನಕ್ಕೆ ನಾವೂ ಒಂದು ಕಿರುಚಿತ್ರ ಮಾಡುವುದೆಂದು ತೀರ್ಮಾನವಾಗಿದೆ. ಮಾಡೋಣ. ಆದರೆ ಸುಖವಾಗಿದ್ದೀರಾ ಎಂಬ ಪ್ರಶ್ನೆ ಬೇಡ. ಒಂದು ಪ್ಯಾಂಟಿಗೆ ಎಷ್ಟು ಕೊಡುತ್ತಾರೆ, ಆ ರೇಟು ಕೊನೆಯ ಸಲ ಏರಿದ್ದು ಯಾವಾಗ, ಗುಳೆ ಹೋದ ವರ್ಷ ಮಗು ಶಾಲೆಗೆ ಹೋಯಿತಾ ಎಂದು ಕೇಳೋಣ. ಉತ್ತರ ಕೇಳಿಸಿಕೊಂಡ ಮೇಲೆ ಫೋನು ಜೇಬಿಗಿಟ್ಟು ಅಲ್ಲೇ ಇನ್ನರ್ಧ ಗಂಟೆ ಕೂರೋಣ.