ಕ್ಯಾಮೆರಾ ಬಿಟ್ಟ ಹೆಸರುಗಳು

ಪ್ರವಾಸ ಸಾಕ್ಷ್ಯಚಿತ್ರವೆಂದರೆ ಒಂದು ಊರಿನ ನೆಲ, ಗುಡಿ, ಊಟ, ಆಚರಣೆಗಳನ್ನು ಹೊರಗಿನ ನೋಡುಗರಿಗೆ ಪರಿಚಯಿಸುವ ಚಿತ್ರ. ಅದರಲ್ಲಿ ಕಾಣಿಸಿಕೊಳ್ಳುವವರು ನಟರಲ್ಲ, ಆ ಊರಿನವರೇ ಎಂಬ ನಂಬಿಕೆಯಿಂದಲೇ ಅದಕ್ಕೆ ಬೆಲೆ ಬರುತ್ತದೆ. ಆದರೂ ಶಿಕಾರಿಪುರ, ಸೊರಬ ಸೀಮೆಯಲ್ಲಿ ಬಳ್ಳಿಗಾವಿಯ ಕೇದಾರೇಶ್ವರ, ಕೋಟಿಪುರದ ಕೈಟಭೇಶ್ವರ ದೇಗುಲಗಳನ್ನು ತೋರಿಸುವಾಗ ಅರಸು ಮನೆತನಗಳನ್ನು ತಪ್ಪದೆ ಹೆಸರಿಸುವ ನಿರೂಪಕರು, ಅದೇ ಅಂಗಳದಲ್ಲಿ ನಿಂತ ಅರ್ಚಕರನ್ನಾಗಲಿ, ಪಕ್ಕದ ಗದ್ದೆಯಲ್ಲಿ ನಾಟಿ ಮಾಡುವ ಹೆಂಗಸರನ್ನಾಗಲಿ, ಗಂಧದ ಕೆತ್ತನೆಗೆ ಹೆಸರಾದ ಸೊರಬದ ಗುಡಿಗಾರರನ್ನಾಗಲಿ ಹೆಸರಿಸುವುದು ಅಪರೂಪ. ಅವರೆಲ್ಲರೂ ‘ಸ್ಥಳೀಯರು’ ಎಂಬ ಒಂದೇ ಮಾತಿನಲ್ಲಿ ಅಡಗಿಹೋಗುತ್ತಾರೆ.

ಈ ಸೀಮೆಯ ಹಳೆಯ ಕಲ್ಲುಗಳು ಸಾಮಾನ್ಯರ ವಿಷಯದಲ್ಲಿ ಇಷ್ಟು ಜಿಪುಣವಾಗಿರಲಿಲ್ಲ. ಬಿ.ಎಲ್. ರೈಸ್ ಸಂಪಾದಿಸಿದ ‘ಎಪಿಗ್ರಾಫಿಯಾ ಕರ್ನಾಟಿಕ’ದ 7ನೆಯ ಸಂಪುಟದಲ್ಲಿ ಶಿಕಾರಿಪುರದ, 8ನೆಯ ಸಂಪುಟದಲ್ಲಿ ಸೊರಬದ ಶಾಸನಗಳಿದ್ದು, ಅವುಗಳಲ್ಲಿ ವೀರಗಲ್ಲುಗಳು, ಅಂದರೆ ಕಾದಾಡಿ ಮಡಿದವರ ನೆನಪಿಗೆ ನಿಲ್ಲಿಸಿದ ಕಲ್ಲುಗಳು, ಹೇರಳವಾಗಿವೆ. ತುರುಗೊಳ್ ಎಂದು ಶಾಸನಗಳು ಕರೆಯುವ ದನಗಳ ಅಪಹರಣವನ್ನು ತಡೆಯಲು ಹೋಗಿ ಸತ್ತ ಹಳ್ಳಿಗನ ಹೆಸರು, ಊರು, ಸಾವಿನ ಸಂದರ್ಭಗಳು ಅಲ್ಲಿ ದಾಖಲಾಗಿವೆ. ತಾಳಗುಂದದ 5ನೆಯ ಶತಮಾನದ ಸ್ತಂಭಶಾಸನದಲ್ಲಿ ಕದಂಬರನ್ನು ಹೊಗಳಿದ ಕವಿ ಕುಬ್ಜ, ಕಾವ್ಯವನ್ನು ಕಲ್ಲಿನ ಮೇಲೆ ಬರೆದವನೂ ತಾನೇ ಎಂದು ಹೇಳಿಕೊಂಡಿದ್ದಾನೆ.

ಹೆಸರು ಹೇಳಿದ ಮಾತ್ರಕ್ಕೆ ನ್ಯಾಯ ಸಲ್ಲುವುದಿಲ್ಲ ಎಂಬುದಕ್ಕೆ ಸೊರಬ ತಾಲ್ಲೂಕಿನ ಚಂದ್ರಗುತ್ತಿ ನಿದರ್ಶನ. ರೇಣುಕಾಂಬೆಯ ಜಾತ್ರೆಯಲ್ಲಿ ಹರಕೆ ಹೊತ್ತವರು ವರದಾ ನದಿಯಲ್ಲಿ ಮಿಂದು ಬಟ್ಟೆಯಿಲ್ಲದೆ ಗುಡಿಗೆ ಬರುತ್ತಿದ್ದ ಬೆತ್ತಲೆ ಸೇವೆಯು ಸುಧಾರಕರ ಜೊತೆಗೆ ಕ್ಯಾಮೆರಾಗಳನ್ನೂ ಸೆಳೆಯಿತು. 1986ರ ಮಾರ್ಚ್‌ನಲ್ಲಿ ಅದನ್ನು ತಡೆಯಹೋದ ಕಾರ್ಯಕರ್ತರು ಮತ್ತು ಪೊಲೀಸರ ಮೇಲೆ ಹಲ್ಲೆ ನಡೆದ ಬಳಿಕ ಸರ್ಕಾರ ಸೇವೆಯನ್ನು ನಿಷೇಧಿಸಿತು. ನಿಷೇಧ ಸರಿಯಾದುದೇ; ಆದರೆ ಆಚರಣೆ ತಪ್ಪೆಂದಾಕ್ಷಣ ಅದರಲ್ಲಿ ಸಿಲುಕಿದ ಹೆಣ್ಣುಮಕ್ಕಳ ದೇಹವನ್ನು ಯಾರು ಬೇಕಾದರೂ ಚಿತ್ರಿಸಬಹುದೆಂಬ ಪರವಾನಗಿ ಸಿಕ್ಕಂತಾಗುವುದಿಲ್ಲ. ಅಂಥಲ್ಲಿ ಮುಖ ಮರೆಸುವುದೇ ಗೌರವ.

ಹೆಸರಿಸಬೇಕೋ ಮರೆಸಬೇಕೋ ಎಂಬುದನ್ನು ಚಿತ್ರದಲ್ಲಿರುವವರೇ ತೀರ್ಮಾನಿಸಬೇಕಾದರೆ ಅವರು ಚಿತ್ರವನ್ನು ಮೊದಲು ನೋಡಬೇಕು. ಫ್ರಾನ್ಸಿನ ನಿರ್ದೇಶಕ ಜಾನ್ ರೂಶ್ 1950ರ ದಶಕದಲ್ಲಿ ನೈಜರ್ ನದಿಯ ನೀರುಕುದುರೆ ಬೇಟೆಗಾರರಿಗೆ ಅವರದೇ ಚಿತ್ರವನ್ನು ತೋರಿಸಿದಾಗ, ಬೇಟೆಯ ದೃಶ್ಯಕ್ಕೆ ಸಂಗೀತ ಕೂಡದು, ಸದ್ದಾದರೆ ಪ್ರಾಣಿ ತಪ್ಪಿಸಿಕೊಳ್ಳುತ್ತದೆ ಎಂದು ಅವರು ಆಕ್ಷೇಪಿಸಿದರು. ರೂಶ್ ಸಂಗೀತವನ್ನು ತೆಗೆದುಹಾಕಿದರು. ಕಸುಬು ಬಲ್ಲವರು ಮಾತ್ರ ಹೇಳಬಹುದಾದ ತಿದ್ದುಪಡಿ ಅದು.

ದೀಪಾವಳಿಯ ನಂತರ ಶಿಕಾರಿಪುರ, ಸೊರಬದ ಹಳ್ಳಿಗಳಲ್ಲಿ ನಡೆಯುವ ಹೋರಿ ಬೆದರಿಸುವ ಹಬ್ಬದಲ್ಲಿ ಓಡುವ ಹೋರಿಗೂ ಒಂದು ಹೆಸರಿರುತ್ತದೆ, ಆ ಹೆಸರಿಗೆ ಅಭಿಮಾನಿಗಳೂ ಇರುತ್ತಾರೆ. ಸಾಕಿದವರಿಗೂ ಅಷ್ಟು ಸಲ್ಲಬೇಡವೇ? ಪ್ರವಾಸೋದ್ಯಮ ಇಲಾಖೆಯು ತಾನು ಹಣ ನೀಡುವ ಚಿತ್ರಗಳಿಗಾದರೂ, ಪ್ರಸಾರಕ್ಕೆ ಮುನ್ನ ಆಯಾ ಊರಿನಲ್ಲಿ ಒಂದು ಪ್ರದರ್ಶನ ಕಡ್ಡಾಯವೆಂದೂ, ಒಪ್ಪಿದವರೆಲ್ಲರ ಹೆಸರು ತೆರೆಯ ಮೇಲೆ ಬರತಕ್ಕದ್ದೆಂದೂ ಕರಾರಿನಲ್ಲಿ ಸೇರಿಸಬೇಕು.